ಹತ್ತು ಕಿಲೋ ಜವಳಾದಲ್ಲಿ ಒಂದೂವರೆ ಕಿಲೋ ನೀರು

ಕರಾವಳಿಯಿಂದ ಮುಂಬಯಿಗೆ ಬರುವ ರೈಲಿಗೆ ‘ಮತ್ಸ್ಯಗಂಧ’ ಎಂದು ಹೆಸರಿಟ್ಟವರಿಗೆ ನನ್ನ ಚೀಲದ ಸಂಗತಿ ಮೊದಲೇ ಗೊತ್ತಿತ್ತೋ ಏನೋ. ಎಷ್ಟು ಪದರ ಪ್ಲಾಸ್ಟಿಕ್ ಸುತ್ತಿದರೂ ಒಣ ಬಂಗುಡೆ ರತ್ನಾಗಿರಿ ದಾಟುವುದರೊಳಗೆ ಬೋಗಿಗೆಲ್ಲ ತನ್ನ ಪರಿಚಯ ಮಾಡಿಕೊಂಡಿರುತ್ತಿತ್ತು. ಎದುರು ಸೀಟಿನವರು ಮೂಗು ಮುಚ್ಚಿಕೊಂಡು ಕಿಟಕಿ ಎತ್ತುತ್ತಿದ್ದರು, ನಾನು ಏನೂ ಅರಿಯದವಳಂತೆ ಕಣ್ಣು ಮುಚ್ಚಿ ಕುಳಿತಿರುತ್ತಿದ್ದೆ. ಕುಂದಾಪುರದಿಂದ ಹೀಗೆ ವರ್ಷಕ್ಕೆರಡು ಸಲ ಬರುತ್ತಿದ್ದದ್ದು ಮನೆಖರ್ಚಿನ ಮೀನು. ಅದರಲ್ಲಿ ವ್ಯಾಪಾರದ ಯೋಚನೆ ಇರಲಿಲ್ಲ.

2020ರ ಮಾರ್ಚ್‌ನಲ್ಲಿ ಎಲ್ಲವೂ ಮುಚ್ಚಿತು. ನಮ್ಮ ಯಜಮಾನರು ದುಡಿಯುತ್ತಿದ್ದ ಹೋಟೆಲಿನ ಬಾಗಿಲೂ ಮುಚ್ಚಿತು. ರೈಲು ನಿಂತಿತು, ಅದರೊಂದಿಗೆ ಊರಿನ ಮೀನೂ ನಿಂತಿತು. ಮುಂಬಯಿ ಪಕ್ಕದ ಭಾಯಂದರಿನ ನಮ್ಮ ಕಟ್ಟಡದಲ್ಲಿ ಕುಂದಾಪುರ, ಉಡುಪಿ, ಕಾರ್ಕಳ ಕಡೆಯ ಹನ್ನೊಂದು ಮನೆಗಳಿವೆ. ಹಸಿ ಮೀನು ಸಿಗದ ಆ ದಿನಗಳಲ್ಲಿ ನನ್ನ ಡಬ್ಬಿಯ ಒಣಮೀನು ಕೇಳಿಕೊಂಡು ಒಬ್ಬೊಬ್ಬರೇ ಬಂದರು. ಮೊದಲು ಹಾಗೇ ಕೊಟ್ಟೆ, ಆಮೇಲೆ ಕ್ರಯಕ್ಕೆ ಕೊಟ್ಟೆ. ಡಬ್ಬಿ ಬರಿದಾದಾಗ ‘ಇನ್ನು ಯಾವಾಗ ಬರುತ್ತದೆ?’ ಎಂದು ಕೇಳುವವರು ಮಾತ್ರ ಬರಿದಾಗಲಿಲ್ಲ.

ಬಸ್ಸು ಹತ್ತಿದರೆ ಮುಕ್ಕಾಲು ಗಂಟೆಯ ದಾರಿಯಲ್ಲಿ ಉತ್ತನ್ ಎಂಬ ಮೀನುಗಾರರ ಊರು ಇದೆ ಎಂಬುದು ಇಪ್ಪತ್ತು ವರ್ಷ ಇಲ್ಲಿದ್ದರೂ ನನ್ನ ತಲೆಗೆ ಹೊಳೆದಿರಲಿಲ್ಲ. ಓಡಾಟ ಸಡಿಲವಾದ ಮೇಲೆ ಅಲ್ಲಿಗೆ ಹೋದೆ. ಸಮುದ್ರದ ದಂಡೆಯುದ್ದಕ್ಕೂ ಬಿದಿರಿನ ಕಂಬ ನೆಟ್ಟು ಹಗ್ಗ ಬಿಗಿದು, ಎರಡೆರಡು ಬೊಂಬಿಲ್ (ಬಾಂಬೆ ಡಕ್) ಮೀನುಗಳ ಬಾಯಿಗೆ ಬಾಯಿ ಸಿಕ್ಕಿಸಿ ತೋರಣದಂತೆ ನೇತುಹಾಕಿದ್ದರು. ಕೋಳಿ ಜನ ಆ ಚಪ್ಪರವನ್ನು ವಲಾಂಡಿ ಎನ್ನುತ್ತಾರೆ. ಕೋಳಿ ಎಂದರೆ ಇಲ್ಲಿನ ಮೀನುಗಾರರು; ಊರಿಗೆ ಫೋನ್ ಮಾಡಿ ‘ಕೋಳಿಯವರಿಂದ ಮೀನು ತಂದೆ’ ಎಂದರೆ ಅತ್ತೆಯವರಿಗೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ಕೆಳಗೆ ನೆಲದ ಮೇಲೆ ಜವಳಾ ಹರಡಿತ್ತು. ನಮ್ಮ ಒಣ ಚಟ್ಲಿಗಿಂತ ತೀರಾ ಸಣ್ಣದು, ಅಕ್ಕಿ ಕಾಳಿಗೆ ಮೀಸೆ ಬಂದಂತಿರುವ ಸಿಗಡಿ ಅದು.

ವ್ಯಾಪಾರ ಕಲಿತದ್ದು ಮೊದಲ ನಷ್ಟದಿಂದ. 2021ರ ಮೇ 17ರಂದು ತೌಕ್ತೆ ಚಂಡಮಾರುತ ಮುಂಬಯಿಯ ಮಗ್ಗುಲಲ್ಲೇ ಹಾದುಹೋಯಿತು. ಮಳೆಗಾಲದ ದಾಸ್ತಾನಿಗೆಂದು ಎಲ್ಲರೂ ಮೀನು ಒಣಗಿಸುತ್ತಿದ್ದ ಹೊತ್ತು ಅದು. ವಾರ ಕಳೆದು ಉತ್ತನ್‌ಗೆ ಹೋದಾಗ ಒಬ್ಬರು ಕಿಲೋಗೆ 220ರಂತೆ ಜವಳಾ ಕೊಡುತ್ತೇನೆ ಎಂದರು. ಪಕ್ಕದಲ್ಲೇ ಮೀನು ಮಾರುತ್ತ ಕುಳಿತಿದ್ದ ಮಾವಶಿ (ಮರಾಠಿಯಲ್ಲಿ ಚಿಕ್ಕಮ್ಮ) 250ಕ್ಕಿಂತ ಒಂದು ರೂಪಾಯಿ ಇಳಿಯಲಿಲ್ಲ. ಮೂವತ್ತು ರೂಪಾಯಿ ಉಳಿಯಿತು ಎಂದು ಬೀಗಿಕೊಂಡು ಹತ್ತು ಕಿಲೋ ತಂದೆ. ಮನೆಯಲ್ಲಿ ಚೀಲ ಬಿಚ್ಚಿದರೆ ಒಳಗೆ ಬೆಚ್ಚಗಿತ್ತು. ಒಣಗಿದ ಮೀನು ಬೆಚ್ಚಗಿರಬಾರದು ಎಂಬಷ್ಟು ಬುದ್ಧಿ ಮೀನಿನ ಊರಿನಲ್ಲಿ ಹುಟ್ಟಿದ ನನಗೆ ಇರಬೇಕಿತ್ತು. ತಾರಸಿಯ ಮೇಲೆ ಎರಡು ದಿನ ಹರಡಿ, ಕಾಗೆ ಕಾದು, ಮತ್ತೆ ತೂಗಿದರೆ ಎಂಟೂವರೆ ಕಿಲೋ. 2,200 ರೂಪಾಯಿಯನ್ನು ಎಂಟೂವರೆಯಿಂದ ಭಾಗಿಸಿದೆ: ಕಿಲೋಗೆ 259 ಬಿತ್ತು. ಅಗ್ಗದ ಜವಳಾ ಮಾವಶಿಯ ಜವಳಾಕ್ಕಿಂತ ಒಂಬತ್ತು ರೂಪಾಯಿ ತುಟ್ಟಿಯಾಗಿತ್ತು. ಮೇಲಾಗಿ ಒಮ್ಮೆ ನೆನೆದು ಮತ್ತೆ ಒಣಗಿದ್ದರಿಂದ ಬಣ್ಣ ಮಾಸಿತ್ತು, ವಾಸನೆ ಕೆಟ್ಟಿತ್ತು. ಅರ್ಧ ಮಾರಾಟವಾಯಿತು, ಉಳಿದರ್ಧ ಹಿತ್ತಲಿನ ತೆಂಗಿಗೆ ಎನ್ನೋಣವೆಂದರೆ ಭಾಯಂದರಿನಲ್ಲಿ ಹಿತ್ತಲೆಲ್ಲಿದೆ?

ಅಂದಿನಿಂದ ನಾನು ಮೀನಿನ ಬೆಲೆ ಕೇಳುವ ಮೊದಲು ಮೀನನ್ನು ಮಾತನಾಡಿಸುತ್ತೇನೆ. ಜವಳಾವನ್ನು ಮುಷ್ಟಿಯಲ್ಲಿ ಹಿಡಿದು ಹಿಸುಕಿ ಬಿಟ್ಟರೆ ತರಗೆಲೆಯಂತೆ ಸದ್ದು ಮಾಡಿ ಚದುರಬೇಕು. ಮುದ್ದೆಯಾಗಿ ಕೂತರೆ ಅದಕ್ಕೆ ಇನ್ನೂ ಬಿಸಿಲು ಬಾಕಿ. ಬೊಂಬಿಲ್ ಬಾಗಬಾರದು, ಮುರಿಯಬೇಕು. ಬಣ್ಣ ಒಣಹುಲ್ಲಿನಂತಿದ್ದರೆ ಈ ಹಂಗಾಮಿನದು, ಕಂದು ತಿರುಗಿದ್ದರೆ ಕಳೆದ ವರ್ಷದ್ದು. ನೆಲದಲ್ಲಿ ಒಣಗಿಸಿದ ಜವಳಾವನ್ನು ಒಂದು ಹಿಡಿ ನೀರಿಗೆ ಹಾಕಿ ನೋಡುವುದು ಒಳ್ಳೆಯದು, ತಳದಲ್ಲಿ ನಿಂತ ಮರಳಿಗೂ ನಾವು ದುಡ್ಡು ಕೊಟ್ಟಿರುತ್ತೇವೆ. ಉಪ್ಪು ಹಾಕಿದ ಬಂಗುಡೆಯದು ಬೇರೆಯೇ ಕಥೆ. ಬೊಂಬಿಲ್, ಜವಳಾಗಳಿಗೆ ಉಪ್ಪಿಲ್ಲ, ಬರೀ ಬಿಸಿಲು. ಬಂಗುಡೆಯ ಉಪ್ಪು ಮಳೆಗಾಲದ ಗಾಳಿಯಿಂದ ನೀರು ಹೀರುತ್ತದೆ. ಜೂನ್‌ನಲ್ಲಿ ತೂಗಿಟ್ಟ ಒಂದು ಕಿಲೋ ಜುಲೈಯಲ್ಲಿ ಒಂದು ಕಿಲೋಗಿಂತ ಹೆಚ್ಚಾಗಿರುತ್ತದೆ. ಇದು ಲಾಭವೆಂದು ನಗುವ ವ್ಯಾಪಾರಿಗಳನ್ನು ನಾನು ಕಂಡಿದ್ದೇನೆ. ಆದರೆ ಹಾಗೆ ಬೆವರಿದ ಮೀನಿನ ಮೇಲೆ ಗುಲಾಬಿ ಬಣ್ಣದ ಕಲೆ ಮೂಡಿತೆಂದರೆ ಅದು ಉಪ್ಪಿನಲ್ಲೇ ಬೆಳೆಯುವ ಬ್ಯಾಕ್ಟೀರಿಯಾ, ಇಡೀ ಡಬ್ಬಿ ಹೋಯಿತು.

ಹಸಿ ಬೊಂಬಿಲ್ ಎಂದರೆ ಹೆಚ್ಚುಕಡಿಮೆ ನೀರೇ. ಏಳೆಂಟು ಕಿಲೋ ಹಸಿ ಹಾಕಿದರೆ ಒಂದು ಕಿಲೋ ಒಣಗಿದ್ದು ಸಿಗುತ್ತದೆ ಎಂದು ಮಾವಶಿ ಲೆಕ್ಕ ಹೇಳುತ್ತಾರೆ. ಹೀಗಾಗಿ ಹಸಿ ಬೊಂಬಿಲ್‌ನ ಬೆಲೆ ಹತ್ತು ರೂಪಾಯಿ ಏರಿದರೆ ಒಣಗಿದ್ದು ಎಪ್ಪತ್ತು ಏರಲೇಬೇಕು. ಈ ಒಂದು ಗುಣಾಕಾರ ಗೊತ್ತಿಲ್ಲದ ಗಿರಾಕಿ ‘ಹೋದ ವರ್ಷ ಇಷ್ಟಿರಲಿಲ್ಲವಲ್ಲ’ ಎಂದು ಜಗಳಕ್ಕೆ ನಿಲ್ಲುತ್ತಾರೆ. ಹಿಂದೆ ಬಲೆಗೆ ಬೊಂಬಿಲ್ ರಾಶಿ ಬಿದ್ದ ದಿನ, ಮಾರಲಾಗದೆ ಉಳಿದದ್ದೇ ಹಗ್ಗಕ್ಕೆ ಏರುತ್ತಿತ್ತು. ಈಗ ಮಂಜುಗಡ್ಡೆಯ ಗಾಡಿ ದಂಡೆಗೇ ಬರುತ್ತದೆ, ಒಳ್ಳೆಯ ಮೀನು ಹಸಿಯಾಗಿಯೇ ಊಟದ ಹೋಟೆಲುಗಳಿಗೆ ಹೋಗುತ್ತದೆ. ನಮ್ಮ ಊರ ಕಡೆ ಸಣ್ಣ ಬೈಗೆ (ಬೂತಾಯಿ) ಮೀನಿಗೆ ಮೀನುಹುಡಿ ಕಾರ್ಖಾನೆಗಳು ಕಾದು ಕುಳಿತಿವೆ. ಒಣಗಿಸುವವರಿಗೆ ಎಲ್ಲರೂ ಎತ್ತಿಕೊಂಡು ಉಳಿದದ್ದು ಎಂಬ ಕಾಲ ಹೋಗಿ, ಎಲ್ಲರೊಂದಿಗೂ ಪೈಪೋಟಿ ಮಾಡಿ ಕೊಳ್ಳುವ ಕಾಲ ಬಂದಿದೆ. ಒಣಮೀನು ಬಡವರ ಊಟ ಎನ್ನುವವರು ಬೆಲೆ ವಿಚಾರಿಸದೆ ಬಹಳ ವರ್ಷವಾಗಿರಬೇಕು. ಸಿಪ್ಪೆ ಸುಲಿದು ಒಣಗಿಸಿದ ಸಿಗಡಿಯಾದ ಸೋಡೆಯನ್ನು ನಾನು ಕಾಲು ಕಿಲೋಗಿಂತ ಹೆಚ್ಚು ಒಬ್ಬರಿಗೇ ಮಾರಿದ್ದು ಅಪರೂಪ.

ಪಂಚಾಂಗ ನೋಡಿ ಮೀನು ಕೊಳ್ಳುವ ಅಭ್ಯಾಸ ನನಗೆ ಎರಡನೆಯ ವರ್ಷ ಬಂತು. ಪಶ್ಚಿಮ ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರವರೆಗೆ, 61 ದಿನ, ಯಾಂತ್ರಿಕ ದೋಣಿಗಳು ಕಡಲಿಗಿಳಿಯುವಂತಿಲ್ಲ. ಅದಕ್ಕೆ ಮೊದಲು, ಮೇ ತಿಂಗಳಿನಲ್ಲಿ, ಇಲ್ಲಿನ ಮರಾಠಿ ಮನೆಗಳು ಅಕ್ಕಿ, ಮಸಾಲೆಯ ಜೊತೆ ಒಣಮೀನನ್ನೂ ತುಂಬಿಕೊಳ್ಳುತ್ತವೆ, ಇದಕ್ಕೆ ಆಗೋಟ ಎಂದು ಹೆಸರು. ಗೋವಾದವರು ಇದನ್ನೇ ಪುರುಮೆಂತ ಎನ್ನುತ್ತಾರೆ, ಮಡಗಾಂವಿನಲ್ಲಿ ಆ ಹೆಸರಿನ ಜಾತ್ರೆಯೇ ನಡೆಯುತ್ತದೆ. ಮೇ ತಿಂಗಳಿನಲ್ಲಿ ಅಂಧೇರಿಯ ಮರೋಳದ ಒಣಮೀನು ಸಗಟು ಬಜಾರಿಗೆ ಹೋದರೆ ಕಾಲಿಡಲು ಜಾಗವಿರುವುದಿಲ್ಲ, ಚೌಕಾಶಿಗೂ ಜಾಗವಿರುವುದಿಲ್ಲ. ಹಾಗಾಗಿ ನಾನು ಮೇ ತಿಂಗಳಿನಲ್ಲಿ ಮಾರುತ್ತೇನೆ, ಕೊಳ್ಳುವುದು ಫೆಬ್ರವರಿ, ಮಾರ್ಚ್‌ನಲ್ಲಿ. ಆಗ ಬಿಸಿಲು ಚುರುಕಾಗಿರುತ್ತದೆ, ಗಾಳಿಯಲ್ಲಿ ತೇವ ಕಡಿಮೆ, ಅವಸರದ ಮಾಲು ಇರುವುದಿಲ್ಲ. ಎರಡು ತಿಂಗಳು ಬಂಡವಾಳ ಕಟ್ಟಿಬೀಳುತ್ತದೆ ಎಂಬುದು ನಿಜ. ನನ್ನ ಮಟ್ಟಿಗೆ ಅದು ಬ್ಯಾಂಕಿನ ಬಡ್ಡಿಗಿಂತ ಒಳ್ಳೆಯ ಲೆಕ್ಕವೇ ಆಗಿದೆ.

ನಮ್ಮವರ ಬೇಡಿಕೆ ಆಗೋಟಕ್ಕಿಂತ ತಡವಾಗಿ ಬರುತ್ತದೆ. ಜುಲೈ ನಡುವಿನಿಂದ ಆಸಾಡಿ, ಅಂದರೆ ನಮ್ಮ ಕಡೆಯ ಆಷಾಢ; ಹಲಸಿನ ಬೀಜದ ಜೊತೆ ಒಣಮೀನು ಇಲ್ಲದಿದ್ದರೆ ಅದು ಆಸಾಡಿಯೇ ಅಲ್ಲ. ಮಜಾ ಇರುವುದು ಆಸಾಡಿ ಅಮಾವಾಸ್ಯೆಯಲ್ಲಿ. ಅದೇ ದಿನ ಮರಾಠಿಗರಿಗೆ ಗಟಾರಿ, ಅಂದರೆ ಶ್ರಾವಣದ ಮುಂಚಿನ ಕೊನೆಯ ಮೀನು, ಮಾಂಸದ ಊಟ; ಮರುದಿನದಿಂದ ಮೀನು ಮುಟ್ಟದ ಶ್ರಾವಣ. ಒಂದೇ ಅಮಾವಾಸ್ಯೆಯ ಹಿಂದಿನ ದಿನ ಎರಡೂ ಕಡೆಯವರು ಒಟ್ಟಿಗೆ ಬಾಗಿಲು ಬಡಿಯುತ್ತಾರೆ. ಮರುದಿನ ಬಾಗಿಲಿನಲ್ಲಿ ಯಾರೂ ಇಲ್ಲ. ಮೊದಲ ವರ್ಷ ಇದು ತಿಳಿಯದೆ ಶ್ರಾವಣದ ಮುಂಚಿನ ವಾರ ಇಪ್ಪತ್ತು ಕಿಲೋ ತರಿಸಿ, ಗಣೇಶ ಚೌತಿ ಮುಗಿಯುವವರೆಗೆ ಹುಳದ ಜೊತೆ ಗುದ್ದಾಡಿದೆ. ಕಂದು ಬಣ್ಣದ, ಮೈತುಂಬಾ ರೋಮದ ಆ ಹುಳ ಬಂಗುಡೆಯ ಒಳಗೆ ಮಾಡುವ ಹುಡಿಯನ್ನು ಕಂಡರೆ ಅನ್ನ ಸೇರುವುದಿಲ್ಲ. ಔಷಧಿ ಹೊಡೆಯುವವರೂ ಇದ್ದಾರೆ. ತಿನ್ನುವ ವಸ್ತುವಿಗೆ ಅದನ್ನು ಮಾಡುವುದು ನನ್ನಿಂದ ಆಗದು. ಬಿಗಿ ಮುಚ್ಚಳದ ಸ್ಟೀಲ್ ಡಬ್ಬಿ, ಮಳೆ ಬಿಟ್ಟ ದಿನ ಮರುಬಿಸಿಲು, ಸೋಡೆಯಂತಹ ದುಬಾರಿ ಮಾಲಿಗೆ ಫ್ರೀಜರ್. ಇಷ್ಟರಲ್ಲೇ ನಡೆಯುತ್ತಿದೆ.

ಮೂರನೆಯ ಬಗೆಯ ಗಿರಾಕಿಗಳನ್ನು ನಾನು ಹುಡುಕಲಿಲ್ಲ, ಅವರೇ ಹುಡುಕಿಕೊಂಡು ಬಂದರು. ಮೀರಾ ರೋಡಿನ ಬಂಗಾಳಿ ಮನೆಗಳಿಗೆ ಶ್ರಾವಣದ ಗೊಡವೆಯಿಲ್ಲ. ಅವರ ‘ಶುಟ್ಕಿ’ಗೆ ವರ್ಷವಿಡೀ ಒಣ ಬೊಂಬಿಲ್ ಬೇಕು. ಅಸ್ಸಾಮಿನ ಜಾಗಿರೋಡ್‌ನಲ್ಲಿ ಒಣಮೀನಿನ ದೊಡ್ಡ ಪೇಟೆಯೇ ಇದೆ, ಗುಜರಾತ್ ಮತ್ತು ಮಹಾರಾಷ್ಟ್ರದ ದಂಡೆಯ ಬೊಂಬಿಲ್ ಅಲ್ಲಿಯವರೆಗೂ ಹೋಗುತ್ತದೆ. ಅಲ್ಲಿಗೆ ಕಳುಹಿಸುವ ದಲ್ಲಾಳಿ ಉತ್ತನ್‌ಗೆ ಬಂದ ವಾರ ನನ್ನಂಥ ಚಿಲ್ಲರೆಯವರಿಗೆ ಬೆಲೆ ನಿಲುಕುವುದಿಲ್ಲ. ನನ್ನ ಅಡುಗೆಮನೆಯ ಚಟ್ನಿಯ ಕ್ರಯ ಬ್ರಹ್ಮಪುತ್ರದ ಕಣಿವೆಯಲ್ಲಿ ನಿಗದಿಯಾಗುತ್ತದೆ ಎಂದರೆ ನಮ್ಮ ಯಜಮಾನರು ಇಂದಿಗೂ ನಂಬುವುದಿಲ್ಲ.

ಹೊಗೆ ಮೀನನ್ನೂ ಒಮ್ಮೆ ಪ್ರಯತ್ನಿಸಿದೆ. ಲಕ್ಷದ್ವೀಪದಲ್ಲಿ ಟ್ಯೂನಾವನ್ನು ಬೇಯಿಸಿ, ಹೊಗೆ ಹಾಕಿ, ಬಿಸಿಲಿನಲ್ಲಿ ಕಲ್ಲಿನಂತೆ ಒಣಗಿಸುವ ಮಾಸ್‌ಮೀನು ಪರಿಚಿತರೊಬ್ಬರ ಮೂಲಕ ಎರಡು ಕಿಲೋ ಬಂತು. ಕೊಂಡವರು ಇಬ್ಬರೇ, ಅದರಲ್ಲಿ ಒಬ್ಬರು ಹಿಂದಿರುಗಿಸಿದರು. ಆದರೂ ಊರಿನ ಹಿರಿಯರು ‘ಒಲೆಯ ಮೇಲಿನ ಅಟ್ಟದಲ್ಲಿಟ್ಟ ಮೀನಿನ ರುಚಿ ಇದಕ್ಕಿಲ್ಲ’ ಎಂದು ಗೊಣಗುವುದು ತಪ್ಪಿಲ್ಲ. ಮಳೆಗಾಲದಲ್ಲಿ ಕಟ್ಟಿಗೆ ಒಲೆಯ ಹೊಗೆ ಅಟ್ಟದ ಬುಟ್ಟಿಗೆ ತಾನಾಗಿ ತಾಗುತ್ತಿತ್ತು, ಅದನ್ನು ಗ್ಯಾಸಿನ ಒಲೆಯ ಕಾಲದಲ್ಲಿ ನಾನೆಲ್ಲಿಂದ ತರಲಿ?

ಕಟ್ಟಡದ ಸೊಸೈಟಿಯಿಂದ ವಾಸನೆಯ ಬಗ್ಗೆ ಪತ್ರ ಬಂದದ್ದು 2022ರಲ್ಲಿ. ಪತ್ರಕ್ಕೆ ಸಹಿ ಹಾಕಿದ್ದವರಲ್ಲಿ ನನ್ನ ಗಿರಾಕಿಗಳೂ ಇಬ್ಬರಿದ್ದರು. ಡಬ್ಬಿಗಳನ್ನೆಲ್ಲ ರಸ್ತೆಯ ಆಚೆ ಒಂದು ಚಿಕ್ಕ ಗಾಳೆಗೆ (ಅಂಗಡಿ ಕೋಣೆಗೆ) ಸಾಗಿಸಿದೆ, ಬಾಡಿಗೆಯನ್ನು ಬೆಲೆಗೆ ಸೇರಿಸಿದೆ. ಅದೇ ಹೊತ್ತಿಗೆ ಆಹಾರ ಸುರಕ್ಷತೆಯ ನೋಂದಣಿ ಮಾಡಿಸಿಕೊಂಡೆ. ಸಣ್ಣ ವ್ಯಾಪಾರಕ್ಕೆ ಆಗ ವರ್ಷಕ್ಕೆ 100 ರೂಪಾಯಿ ಶುಲ್ಕವಿತ್ತು, ಅಷ್ಟೇ. ಪೊಟ್ಟಣದ ಯೋಚನೆ ಬಂದಾಗ ಲೆಕ್ಕಪತ್ರ ನೋಡುವವರು ಒಂದು ಮಾತು ಹೇಳಿದರು: 2022ರ ಜುಲೈ 18ರಿಂದ ಮೊದಲೇ ಪೊಟ್ಟಣ ಕಟ್ಟಿ ಲೇಬಲ್ ಹಚ್ಚಿದ ಒಣಮೀನಿಗೆ ಶೇ. 5 ಜಿಎಸ್‌ಟಿ, ತೂಗಿ ಕಾಗದದಲ್ಲಿ ಕಟ್ಟಿಕೊಟ್ಟರೆ ಇಲ್ಲ. ನನ್ನ ವಹಿವಾಟು ಜಿಎಸ್‌ಟಿ ನೋಂದಣಿಯ ಮಿತಿಗೆ ಎಟುಕುವುದಲ್ಲ. ಆದರೂ ನಾನು ತೂಗಿಯೇ ಕೊಡುತ್ತೇನೆ. ಗಿರಾಕಿ ಒಂದು ಬೊಂಬಿಲ್ ಮುರಿದು ನೋಡಲಿ, ಪ್ಲಾಸ್ಟಿಕ್ಕಿನ ಮೇಲಿಂದ ಅದು ಆಗುವುದಿಲ್ಲ.

ಇಷ್ಟಾದರೂ ಬದಲಾವಣೆಯನ್ನು ತಡೆಯಲಾಗಿಲ್ಲ. ಹೊಸ ಸೊಸೆಯಂದಿರು ತಲೆ, ಬಾಲ ತೆಗೆದದ್ದೇ ಬೇಕು ಎನ್ನುತ್ತಾರೆ. ಮನೆಯಲ್ಲಿ ಹುರಿದರೆ ನೆರೆಯವರು ಏನೆಂದುಕೊಳ್ಳುತ್ತಾರೋ ಎಂಬ ಅಂಜಿಕೆ ಬೇರೆ. ಅವರಿಗಾಗಿ ಜವಳಾವನ್ನು ಹುರಿದು, ತೆಂಗಿನಕಾಯಿ, ಒಣಮೆಣಸು, ಹುಣಸೆಹುಳಿ ಹಾಕಿ ಚಟ್ನಿಹುಡಿ ಮಾಡುತ್ತೇನೆ. ತೂಕದ ಲೆಕ್ಕದಲ್ಲಿ ಅತಿ ಹೆಚ್ಚು ಲಾಭ ಕೊಡುವುದು ಈಗ ಅದೇ. ಅದರಲ್ಲಿ ಜವಳಾಕ್ಕಿಂತ ತೆಂಗಿನಕಾಯಿ ಜಾಸ್ತಿ ಎಂಬ ದೂರು ಬಂದಿದೆ, ದೂರು ಸುಳ್ಳಲ್ಲ.

2025ರಲ್ಲಿ ಮುಂಗಾರು ಮೇ 26ಕ್ಕೇ ಮುಂಬಯಿಗೆ ಬಂದಿಳಿಯಿತು, ವಾಡಿಕೆಗಿಂತ ಎರಡು ವಾರ ಮೊದಲು. ನನ್ನ ಡಬ್ಬಿಗಳು ಮಾರ್ಚ್‌ನಲ್ಲೇ ತುಂಬಿದ್ದವು. ಆಗೋಟಕ್ಕೆ ಮಾಲಿಲ್ಲದೆ ಪೇಟೆಯಲ್ಲಿ ಬೆಲೆ ಏರಿತು, ನಾನೂ ಏರಿಸಿದೆ, ಇಲ್ಲವೆಂದರೆ ಸುಳ್ಳಾಗುತ್ತದೆ. ಆದರೆ ಮಾವಶಿಯ ಕೊನೆಯ ಸುತ್ತಿನ ಮೀನು ಹಗ್ಗದಲ್ಲೇ ಕೊಳೆತಿತ್ತು. ಮುಂಗಡವಾಗಿ ಕೊಟ್ಟಿದ್ದ 8,000ದಲ್ಲಿ ಅರ್ಧದ ಮಾಲು ಮಾತ್ರ ನನಗೆ ಸಂದಿತ್ತು. ಉಳಿದ ದುಡ್ಡಿನ ಮಾತು ನಾನು ಎತ್ತಲಿಲ್ಲ, ಅವರೂ ಎತ್ತಲಿಲ್ಲ.

ನವೆಂಬರಿನಲ್ಲಿ ಫೋನ್ ಬಂತು: ‘ತಾಯಿ, ಬೊಂಬಿಲ್ ಇಳಿಸಿದ್ದೇನೆ, ಚೀಲ ತೆಗೆದುಕೊಂಡು ಬಾ.’ ಮರಾಠಿಯಲ್ಲಿ ತಾಯಿ ಎಂದರೆ ಅಕ್ಕ. ನನಗಿಂತ ಇಪ್ಪತ್ತು ವರ್ಷ ಹಿರಿಯರಾದ ಅವರ ಬಾಯಲ್ಲಿ ಅದನ್ನು ಕೇಳಿದಾಗಲೆಲ್ಲ ನನಗೆ ಮುಜುಗರ. ಹೋದೆ. ತಕ್ಕಡಿಗೆ ಹಾಕುವ ಮುಂಚೆ ಮಾವಶಿ ತಾವೇ ಒಂದನ್ನು ಎತ್ತಿ ಬಾಗಿಸಿದರು. ಅದು ಮುರಿಯಲಿಲ್ಲ, ಬಾಗಿತು. ಇನ್ನೊಂದನ್ನು ಎತ್ತಿದರು, ಅದೂ ಬಾಗಿತು.

‘ಇದಕ್ಕೆ ಇನ್ನೊಂದು ಬಿಸಿಲು ಬೇಕು. ನಾಡಿದ್ದು ಬಾ’ ಎಂದು ಹೇಳಿ ಮತ್ತೆ ಹಗ್ಗದ ಕಡೆ ನಡೆದರು. ನಾನು ಬರಿ ಚೀಲ ಮಡಚಿಕೊಂಡು ಭಾಯಂದರಿನ ಬಸ್ಸು ಹಿಡಿದೆ.