ಸಾಮಾನು ಎತ್ತಿಕೊಂಡು ಹೋದರೆ ಮೊದಲು ಪಟ್ಟಿ ಕೇಳಿ: ಮುಂಬಯಿಯಲ್ಲಿ ಬೀದಿ ವ್ಯಾಪಾರ ಮಾಡುವ ನಮ್ಮವರಿಗೆ

ಧಾರಾವಿ, ಸಾಯನ್, ಮಾಟುಂಗಾ, ಅಂಧೇರಿ ಅಂತ ಮುಂಬಯಿ ತುಂಬ ನಮ್ಮ ಕನ್ನಡದವರು ರಸ್ತೆ ಬದಿ ಕೂತು ಸೊಪ್ಪು, ಹೂವು, ರೊಟ್ಟಿ, ಚಟ್ನಿಪುಡಿ ಮಾರುತ್ತಾರೆ. ಮುನ್ಸಿಪಾಲಿಟಿ ಗಾಡಿ ಬಂತು ಅಂದರೆ ಸಾಕು, ಬುಟ್ಟಿ ಎತ್ತಿಕೊಂಡು ಗಲ್ಲಿಯೊಳಗೆ ಓಡುತ್ತಾರೆ. ಓಡುವುದು ತಪ್ಪು ಅಂತ ಹೇಳುತ್ತಿಲ್ಲ, ಹೊಟ್ಟೆಪಾಡು. ಆದರೆ ಇವರ ಪರವಾಗಿ ಒಂದು ಕಾನೂನು ಇದೆ ಅನ್ನುವುದೇ ಎಷ್ಟೋ ಜನರಿಗೆ ಗೊತ್ತಿಲ್ಲ. ಮನೆಯಲ್ಲಿ ಅಪ್ಪನೋ ಅವ್ವನೋ ಗಾಡಿ ಇಟ್ಟಿದ್ದರೆ ಇದನ್ನು ಅವರಿಗೆ ಓದಿ ಹೇಳಿ.

ಬೀದಿ ವ್ಯಾಪಾರಿಗಳ ಜೀವನೋಪಾಯ ರಕ್ಷಣೆ ಮತ್ತು ಬೀದಿ ವ್ಯಾಪಾರ ನಿಯಂತ್ರಣ ಕಾಯ್ದೆ ಅನ್ನುವ ಈ ಕೇಂದ್ರದ ಕಾನೂನು ಜಾರಿಗೆ ಬಂದದ್ದು 2014ರ ಮೇ 1ರಂದು. ಮಹಾರಾಷ್ಟ್ರ ಇದಕ್ಕೆ 2016ರಲ್ಲಿ ತನ್ನ ನಿಯಮಗಳನ್ನು ಮಾಡಿತು. ಐದು ವರ್ಷಕ್ಕೊಮ್ಮೆಯಾದರೂ ಬೀದಿ ವ್ಯಾಪಾರಿಗಳ ಸರ್ವೇ ಆಗಬೇಕು, ಸರ್ವೇಯಲ್ಲಿ ಸಿಕ್ಕವರಿಗೆ ವ್ಯಾಪಾರದ ಸರ್ಟಿಫಿಕೇಟ್ ಮತ್ತು ಗುರುತಿನ ಚೀಟಿ ಕೊಡಬೇಕು, ಅದು ಮುಗಿಯುವ ತನಕ ಯಾರನ್ನೂ ಎಬ್ಬಿಸಬಾರದು ಅಂತ 3ನೇ ಕಲಂನಲ್ಲೇ ಇದೆ. ಆದರೂ ಗಾಡಿ ಬರುತ್ತದೆ, ಅಲ್ವಾ? ಮುಂಬಯಿಯಲ್ಲಿ 2014ರ ಸರ್ವೇಗೆ ಸುಮಾರು 99 ಸಾವಿರ ಅರ್ಜಿ ಬಂದವು. 2024ರ ಆಗಸ್ಟ್‌ನಲ್ಲಿ ಟೌನ್ ವೆಂಡಿಂಗ್ ಕಮಿಟಿಗೆ, ಅಂದರೆ ಬೀದಿ ವ್ಯಾಪಾರ ನೋಡಿಕೊಳ್ಳುವ ಸಮಿತಿಗೆ ವ್ಯಾಪಾರಿಗಳ ಚುನಾವಣೆ ನಡೆದಾಗ ಮತದಾರರ ಪಟ್ಟಿಯಲ್ಲಿ ಉಳಿದವರು 32 ಸಾವಿರ ಚಿಲ್ಲರೆ. ಪಟ್ಟಿಯಿಂದ ಬಿಟ್ಟುಹೋದವರೂ ಅದೇ ಬೀದಿಯಲ್ಲಿ ದುಡಿಯುತ್ತಿದ್ದಾರೆ. ಇದು ಅನ್ಯಾಯ ಅಂತಲೇ ನನ್ನ ಅಭಿಪ್ರಾಯ. ಆದ್ದರಿಂದ ಹೊಸ ಸರ್ವೇ ಅಂತ ಯಾರಾದರೂ ಬಂದರೆ ಆ ದಿನ ಜಾಗ ಬಿಟ್ಟು ಎಲ್ಲಿಗೂ ಹೋಗಬೇಡಿ. ಊರ ಜಾತ್ರೆ ಇದ್ದರೂ ಮನೆಯವರೊಬ್ಬರು ಅಲ್ಲಿರಲಿ.

ಈಗ ಕಾಗದದ ವಿಷಯ. ನಮ್ಮವರು ಸಿಕ್ಕಿಬೀಳುವುದು ಹೆಚ್ಚಾಗಿ ಇಲ್ಲಿನ ವಾಸ ತೋರಿಸುವ ಸರ್ಟಿಫಿಕೇಟ್, ಅಂದರೆ ಡೊಮಿಸೈಲ್‌ನಲ್ಲಿ. ಮುಂಬಯಿಯಲ್ಲಿ ಇದನ್ನು ಕೇಳಿದ್ದಾರೆ, ಮತ್ತೆಯೂ ಕೇಳಬಹುದು. ಸಾಮಾನ್ಯವಾಗಿ ಮಹಾರಾಷ್ಟ್ರದಲ್ಲಿ 15 ವರ್ಷ ಇದ್ದದ್ದಕ್ಕೆ ದಾಖಲೆ ಬೇಕು. ಕಲಬುರಗಿಯಿಂದಲೋ ವಿಜಯಪುರದಿಂದಲೋ ಬಂದು ಇಪ್ಪತ್ತು ವರ್ಷ ಆಗಿರುತ್ತದೆ, ರೇಷನ್ ಕಾರ್ಡ್ ಮಾತ್ರ ಇನ್ನೂ ಊರಿನದೇ. ಹಾಗಿದ್ದರೆ ಇಲ್ಲಿನ ಕರೆಂಟ್ ಬಿಲ್, ಮಕ್ಕಳ ಶಾಲೆಯ ದಾಖಲೆ, ಬಾಡಿಗೆ ಕರಾರು, ಹಳೇ ವೋಟರ್ ಲಿಸ್ಟ್, ಎಲ್ಲ ಈಗಲೇ ಒಂದು ಫೈಲಿಗೆ ಹಾಕಿ. ಹಿಂದೆ ಬಿಎಂಸಿಯವರು (ಮುಂಬಯಿ ಪಾಲಿಕೆಯವರು) ಹರಿದು ಕೊಡುತ್ತಿದ್ದ ಪಾವತಿ ಚೀಟಿಗಳು ಟ್ರಂಕಿನ ತಳದಲ್ಲಿ ಇದ್ದರೆ ಅವು ಬಂಗಾರ. ಜಾಗದಲ್ಲಿ ಎಷ್ಟು ವರ್ಷದಿಂದ ಇದ್ದೀರಿ ಅನ್ನುವುದಕ್ಕೆ ಹಳೇ ದಂಡದ ರಸೀದಿಯೂ ಸಾಕ್ಷಿಯಾಗುತ್ತದೆ, ಎಸೆಯಬೇಡಿ.

ಸರ್ಟಿಫಿಕೇಟ್ ಸಿಕ್ಕರೆ ವ್ಯಾಪಾರ ನೀವೇ ಅಥವಾ ಮನೆಯವರೇ ಮಾಡಬೇಕು. ಬಾಡಿಗೆಗೆ ಕೊಡುವಂತಿಲ್ಲ, ಮಾರುವಂತಿಲ್ಲ. "ಲೈಸೆನ್ಸ್ ನನ್ನ ಹೆಸರಲ್ಲಿದೆ, ತಿಂಗಳಿಗೆ ಇಷ್ಟು ಕೊಡು" ಅನ್ನುವವರ ಹತ್ತಿರ ದುಡ್ಡು ಕಟ್ಟಬೇಡಿ, ಆ ಕಾಗದದಿಂದ ನಿಮಗೆ ಯಾವ ಹಕ್ಕೂ ಬರುವುದಿಲ್ಲ. ಸರ್ಟಿಫಿಕೇಟ್ ಇದ್ದವರು ತೀರಿಹೋದರೆ, ಕಾಯಂ ಆಗಿ ಅಂಗವಿಕಲರಾದರೆ ಅಥವಾ ಕಾಯಿಲೆ ಬಿದ್ದರೆ ಅದರ ಅವಧಿ ಮುಗಿಯುವ ತನಕ ಗಂಡ, ಹೆಂಡತಿ ಅಥವಾ ಅವರನ್ನೇ ನಂಬಿಕೊಂಡ ಮಕ್ಕಳು ನಡೆಸಬಹುದು.

ಸಾಮಾನು ಎತ್ತುವ ದಿನದ ಬಗ್ಗೆ ಸ್ವಲ್ಪ ಬಿಡಿಸಿ ಹೇಳುತ್ತೇನೆ, ಜಾಸ್ತಿ ಕಳೆದುಕೊಳ್ಳುವುದು ಅಲ್ಲೇ. ಕಾನೂನಿನ ಪ್ರಕಾರ ಸರ್ಟಿಫಿಕೇಟಿನಲ್ಲಿ ಬರೆದ ಜಾಗದಿಂದ ಎಬ್ಬಿಸುವ ಮೊದಲು 30 ದಿನದ ನೋಟಿಸ್ ಕೊಡಬೇಕು. ಆಮೇಲೂ ಜಾಗ ಬಿಡದಿದ್ದರೆ ಸಾಮಾನು ಜಪ್ತಿ ಮಾಡಬಹುದು, ಆದರೆ ಏನೇನು ತೆಗೆದುಕೊಂಡರು ಅಂತ ಪಟ್ಟಿ ಬರೆದು, ಸಹಿ ಹಾಕಿ, ಅದರ ಪ್ರತಿಯನ್ನು ನಿಮ್ಮ ಕೈಗೆ ಕೊಡಲೇಬೇಕು. ಇದು 19ನೇ ಕಲಂ. ಜಗಳಕ್ಕೆ ಹೋಗಬೇಡಿ, ಗಾಡಿಗೆ ಅಡ್ಡ ಮಲಗಬೇಡಿ, ಅದರಿಂದ ಬೇರೆ ಕೇಸು ಬೀಳುತ್ತದೆ. ಸುಮ್ನೆ ಗಟ್ಟಿಯಾಗಿ, ಮರ್ಯಾದೆಯಿಂದ ಮರಾಠಿಯಲ್ಲಿ ಕೇಳಿ: "ಸಾಹೇಬ್, ಜಪ್ತೀಚೀ ಯಾದೀ ದ್ಯಾ." (ಜಪ್ತಿಯ ಪಟ್ಟಿ ಕೊಡಿ ಅಂತ.) ಪಕ್ಕದವರಿಗೆ ಮೊಬೈಲಿನಲ್ಲಿ ಫೋಟೋ ತೆಗೆಯಲು ಹೇಳಿ: ಗಾಡಿಯ ನಂಬರ್, ತಕ್ಕಡಿ, ಬುಟ್ಟಿಗಳು, ಹೊತ್ತು. ಪಟ್ಟಿಯಲ್ಲಿ "ತರಕಾರಿ" ಅಂತ ಒಂದೇ ಪದ ಬರೆದಿದ್ದರೆ ಒಪ್ಪಬೇಡಿ. ಎಷ್ಟು ಕಿಲೋ ಟೊಮೆಟೊ, ಎಷ್ಟು ಕಟ್ಟು ಮೆಂತ್ಯ, ಎಲೆಕ್ಟ್ರಾನಿಕ್ ಕಾಟಾ ಒಂದು ಅಂತ ಬರೆಸಿ. ಕಾಟಾ ಬಿಟ್ಟುಹೋದರೆ ಅದು ನಿಮ್ಮದಾಗಿತ್ತು ಅಂತ ಆಮೇಲೆ ತೋರಿಸುವುದು ಕಷ್ಟ.

ಅಲ್ಲಿಂದ ನೇರ ವಾರ್ಡ್ ಆಫೀಸಿಗೆ ಹೋಗಿ, ನಾಳೆ ನೋಡೋಣ ಅನ್ನಬೇಡಿ. ಹಣ್ಣು, ಹೂವು, ಸೊಪ್ಪಿನಂಥ ಕೆಡುವ ಮಾಲನ್ನು ನೀವು ಕೇಳಿದ ದಿನವೇ ಬಿಡಬೇಕು, ಕೆಡದ ಸಾಮಾನನ್ನು ಎರಡು ಕೆಲಸದ ದಿನದೊಳಗೆ. ಲೆಕ್ಕ ಶುರುವಾಗುವುದು ನೀವು ಕೇಳಿದ ಹೊತ್ತಿನಿಂದ. ಹಾಗಾಗಿ ಬಾಯಲ್ಲಿ ಕೇಳಿ ಬರಬೇಡಿ, ಅರ್ಜಿ ಬರೆದು ಕೊಟ್ಟು ಇನ್ನೊಂದು ಪ್ರತಿಯ ಮೇಲೆ ಸೀಲು, ತಾರೀಕು ಹಾಕಿಸಿಕೊಳ್ಳಿ. ಬಿಡಿಸಿಕೊಳ್ಳಲು ಶುಲ್ಕ ಇರುತ್ತದೆ, ಕಟ್ಟಿದ ಪ್ರತಿ ರೂಪಾಯಿಗೂ ರಸೀದಿ ಕೇಳಿ. ಸರ್ಟಿಫಿಕೇಟ್ ಇಲ್ಲದೆ ಮಾರಿದ್ದಕ್ಕೆ ಈ ಕಾನೂನಿನಲ್ಲಿ ದಂಡ ಹೆಚ್ಚೆಂದರೆ 2,000 ರೂಪಾಯಿ.

ಜಾಗದ ವಿಷಯದಲ್ಲಿ ಮಾತ್ರ ಹಟ ಬೇಡ. ಎಲ್ಫಿನ್‌ಸ್ಟನ್ ರೋಡ್ ಸ್ಟೇಷನ್ನಿನ ಕಾಲ್ತುಳಿತ ಆದ ಮೇಲೆ, 2017ರ ನವೆಂಬರ್‌ನಲ್ಲಿ, ರೈಲ್ವೆ ಸ್ಟೇಷನ್ನಿನಿಂದ 150 ಮೀಟರ್, ಶಾಲೆ, ಆಸ್ಪತ್ರೆ, ದೇವಸ್ಥಾನಗಳಿಂದ 100 ಮೀಟರ್ ಒಳಗೆ ಕೂರಬಾರದು ಅಂತ ಬಾಂಬೆ ಹೈಕೋರ್ಟ್ ಹೇಳಿತು. ಸ್ಟೇಷನ್ ಬಾಗಿಲಲ್ಲಿ ವ್ಯಾಪಾರ ಚೆನ್ನಾಗಿರುತ್ತದೆ, ನಿಜ. ಆದರೆ ಅಲ್ಲಿ ನಿಮ್ಮ ವಾದ ನಿಲ್ಲುವುದು ಕಷ್ಟ.

ಹಫ್ತಾ ಕೇಳುವವರ ಬಗ್ಗೆ ಒಂದು ಮಾತು. ಸರ್ಟಿಫಿಕೇಟ್ ಇದ್ದು ಅದರ ಷರತ್ತಿನಂತೆ ವ್ಯಾಪಾರ ಮಾಡುತ್ತಿದ್ದರೆ ಪೊಲೀಸರಾಗಲಿ ಬೇರೆಯವರಾಗಲಿ ತಡೆಯುವಂತಿಲ್ಲ ಅಂತ 27ನೇ ಕಲಂ ಹೇಳುತ್ತದೆ. ಒಬ್ಬರೇ ವಾದಿಸಬೇಡಿ, ಅದೇ ರಸ್ತೆಯ ನಾಲ್ಕು ಜನ ಸೇರಿ ಬರಹದಲ್ಲಿ ದೂರು ಕೊಡಿ. ಟೌನ್ ವೆಂಡಿಂಗ್ ಕಮಿಟಿಯಲ್ಲಿ ಶೇಕಡ 40 ಜನ ವ್ಯಾಪಾರಿಗಳೇ ಇರಬೇಕು, ಅದರಲ್ಲಿ ಮೂರನೇ ಒಂದು ಪಾಲು ಹೆಂಗಸರು. ಹೂ ಮಾರುವ ನಮ್ಮ ಅಕ್ಕಂದಿರೇ ಅಲ್ಲಿ ಕೂರಬೇಕು ಅಂತ ನನಗೆ ತುಂಬ ಆಸೆ.

ಬಂಡವಾಳಕ್ಕೆ ಬಡ್ಡಿ ಸಾಲ ತರುವ ಮೊದಲು ಪಿಎಂ ಸ್ವನಿಧಿ, ಅಂದರೆ ಬೀದಿ ವ್ಯಾಪಾರಿಗಳಿಗೆ ಕೇಂದ್ರ ಸರ್ಕಾರದ ಸಾಲ ಯೋಜನೆ, ವಿಚಾರಿಸಿ. 2025ರ ಬದಲಾವಣೆಯ ನಂತರ ಮೊದಲ ಕಂತಿನಲ್ಲಿ 15,000 ರೂಪಾಯಿ ತನಕ ಸಿಗುತ್ತದೆ, ಅಡವು ಕೇಳುವುದಿಲ್ಲ. ಸರ್ಟಿಫಿಕೇಟ್ ಇಲ್ಲದವರು ಪಾಲಿಕೆಯಿಂದ ಶಿಫಾರಸು ಪತ್ರ ಪಡೆದು ಅರ್ಜಿ ಹಾಕಬಹುದು. ಆ ಪತ್ರದ ಜೆರಾಕ್ಸನ್ನೂ ಅದೇ ಫೈಲಿಗೆ ಸೇರಿಸಿಡಿ.