ಒಬ್ಬ ಡಿಸ್ಕನೆಕ್ಟ್ ಆದರೆ ಆಟ ಮುಗಿಸೋದು ಹೇಗೆ: ನಮ್ಮ ಲಗೋರಿ ಗೇಮ್‌ನಲ್ಲಿ ನಾನು ಮಾಡಿದ್ದು

"ಗೆಲ್ತಾ ಇರೋ ತಂಡ ಯಾಕೋ ಒಪ್ಪುತ್ತೆ? ಪುಕ್ಕಟೆ ಪಾಯಿಂಟ್ ಬಿಟ್ಟು ಎದ್ದು ಹೋಗೋಕೆ ಅವರಿಗೇನು ಹುಚ್ಚಾ?"

ಆಟದ ಮಧ್ಯೆ ಒಬ್ಬನ ಸಂಪರ್ಕ ಕಡಿದರೆ ಎರಡೂ ತಂಡ ಒಪ್ಪಿ ಆಟ ಅಲ್ಲಿಗೇ ಮುಗಿಸಲಿ ಅಂತ ನಾನು ಹೇಳಿದಾಗ, ಒಂದೂವರೆ ವರ್ಷದ ಹಿಂದೆ, ನಮ್ಮ ಸರ್ವರ್ ನೋಡಿಕೊಳ್ಳುವ ಗೆಳೆಯ ಹೀಗೆ ಕೇಳಿದ್ದ. ಗ್ರಾಫಿಕ್ಸ್ ಮಾಡುವವನು ಮಾತೇ ಆಡಲಿಲ್ಲ, ಸುಮ್ನೆ ನಕ್ಕ. ಈಗ ಇಬ್ಬರೂ ನಗುತ್ತಿಲ್ಲ. ಆದ್ದರಿಂದ ಬರೆಯುತ್ತಿದ್ದೇನೆ.

ನಮ್ಮದು ಚಿಕ್ಕ ಗೇಮ್. ಮೊಬೈಲ್ ಲಗೋರಿ, ನಾಲ್ಕು ಜನಕ್ಕೆ ನಾಲ್ಕು ಜನ. ಒಂದು ತಂಡ ಕಲ್ಲು ಬೀಳಿಸಿ ಮತ್ತೆ ಜೋಡಿಸಬೇಕು, ಇನ್ನೊಂದು ತಂಡ ಚೆಂಡಲ್ಲಿ ಹೊಡೆದು ತಡೆಯಬೇಕು. ತಲಾ ಆರು ಸರದಿ, ಒಟ್ಟು ಒಂಬತ್ತು ನಿಮಿಷದ ಆಸುಪಾಸು. ಗೊಡೊ ಅನ್ನೋ ಗೇಮ್ ಕಟ್ಟುವ ಸಾಫ್ಟ್‌ವೇರ್‌ನಲ್ಲಿ ಮಾಡಿದ್ದು, ನೆಟ್‌ವರ್ಕ್‌ಗೆ ಈನೆಟ್ ಅನ್ನೋ ರೆಡಿಮೇಡ್ ಕೋಡ್, ಮುಂಬೈಯಲ್ಲಿ ಬಾಡಿಗೆ ಸರ್ವರ್. ಇಷ್ಟು ಸಾಕು.

ತೊಂದರೆ ಮಳೆಗಾಲದಲ್ಲಿ ಶುರುವಾಯಿತು. ನಮ್ಮ ಆಟಗಾರರಲ್ಲಿ ಜಾಸ್ತಿ ಜನ ಶಿವಮೊಗ್ಗ, ಸಾಗರ, ಶಿರಸಿ ಕಡೆಯವರು. ಜುಲೈಯಲ್ಲಿ ಸಂಜೆ ಏಳರಿಂದ ಹತ್ತರವರೆಗೆ ನೂರು ಆಟ ನಡೆದರೆ ಇಪ್ಪತ್ತೈದರಲ್ಲಿ ಒಬ್ಬನಾದರೂ ಮಧ್ಯದಲ್ಲಿ ಮಾಯ. ಕರೆಂಟ್ ಹೋಯಿತು, ವೈಫೈ ಸತ್ತಿತು, ಫೋನ್ ಬಂತು, ದಿನದ ಒಂದೂವರೆ ಜಿಬಿ ಮುಗಿಯಿತು. ಡೇಟಾ ಮುಗಿದ ಮೇಲೆ ಸಿಗೋ 64 ಕೆಬಿಪಿಎಸ್‌ನಲ್ಲೂ ನಮ್ಮ ಗೇಮ್ ಓಡುತ್ತೆ, ಇದನ್ನು ಸ್ವಲ್ಪ ಜಂಬದಿಂದಲೇ ಹೇಳುತ್ತೇನೆ. ಆದರೆ ಹಿನ್ನೆಲೆಯಲ್ಲಿ ವಾಟ್ಸಾಪ್ ಒಂದು ವಿಡಿಯೋ ಇಳಿಸೋಕೆ ಕೂತರೆ ಮುಗಿಯಿತು.

ಉಳಿದ ಮೂವರು ನಾಲ್ವರ ಎದುರು ಏಳು ನಿಮಿಷ ಹೊಡೆಸಿಕೊಳ್ಳುತ್ತಾರೆ. ಲಗೋರಿಯಲ್ಲಿ ಒಬ್ಬ ಕಮ್ಮಿ ಅಂದರೆ ಕಲ್ಲು ಜೋಡಿಸುವವನಿಗೆ ಅಡ್ಡ ನಿಲ್ಲುವವರೇ ಇಲ್ಲ. ಎರಡು ನಿಮಿಷ ನೋಡಿ ಎರಡನೆಯವನೂ ಹೋಗುತ್ತಾನೆ. ಆಮೇಲೆ ಪ್ಲೇ ಸ್ಟೋರ್‌ನಲ್ಲಿ ಒಂದು ಸ್ಟಾರ್.

ಮೊದಲು ಮಾಡಿದ ದಡ್ಡತನ ಬಾಟ್. ಹೋದವನ ಜಾಗಕ್ಕೆ ಕಂಪ್ಯೂಟರ್ ಆಡಲಿ ಅಂತ. ಬೆಂಗಳೂರಿನ ಒಬ್ಬ ಫ್ರೀಲ್ಯಾನ್ಸರ್ ಹುಡುಗನಿಗೆ 22 ಸಾವಿರ ಕೊಟ್ಟೆವು. ಹುಡುಗ ಕೆಲಸ ಚೆನ್ನಾಗೇ ಮಾಡಿದ, ತಪ್ಪು ನಮ್ಮದು. ಬಾಟ್ ದಡ್ಡ ಆದರೆ ಕಲ್ಲಿನ ಮುಂದೆ ಎಮ್ಮೆ ಥರ ನಿಲ್ಲುತ್ತಿತ್ತು. ಜಾಣ ಮಾಡಿದರೆ ಮನುಷ್ಯನಿಗಿಂತ ಚೆನ್ನಾಗಿ ಚೆಂಡು ತಪ್ಪಿಸಿಕೊಳ್ಳುತ್ತಿತ್ತು. ಆಗ ಗೆಲ್ಲೋಕೆ ಒಬ್ಬನನ್ನು ಬೇಕಂತಲೇ ಹೊರಗೆ ಕಳಿಸೋ ಗುಂಪುಗಳು ಹುಟ್ಟಿಕೊಂಡವು. ಮಧ್ಯದ ಹದ ಸಿಗಲೇ ಇಲ್ಲ. 22 ಸಾವಿರ ನೀರಿಗೆ. ಆ ಬಾಟ್ ಈಗ ಹೊಸಬರಿಗೆ ಆಟ ಕಲಿಸೋ ಕಡೆ ಕೂತಿದೆ.

ಆಮೇಲೆ ಪಾಜ್, ಅಂದರೆ ಆಟವನ್ನು ಅಲ್ಲೇ ತಡೆದು ನಿಲ್ಲಿಸೋದು. ಡೋಟಾ 2ರಲ್ಲಿ ಆಟ ನಿಲ್ಲಿಸಿ ಕಾಯಬಹುದು, ಐದು ನಿಮಿಷ ಬಾರದಿದ್ದರೆ ಹೋದವನದು ಅಬ್ಯಾಂಡನ್ (ಆಟ ಬಿಟ್ಟು ಓಡಿದ ಲೆಕ್ಕ), ಉಳಿದವರು ದಂಡವಿಲ್ಲದೆ ಎದ್ದು ಹೋಗಬಹುದು. ಅದು ಕಂಪ್ಯೂಟರ್ ಮುಂದೆ ಮುಕ್ಕಾಲು ಗಂಟೆ ಕೂರುವವರ ಆಟ. ಮೊಬೈಲ್‌ನಲ್ಲಿ ನಾವು ಮೂವತ್ತು ಸೆಕೆಂಡ್ ಪಾಜ್ ಹಾಕಿದೆವು. ಎಲ್ಲರೂ ಬೇರೆ ಆ್ಯಪ್ ನೋಡೋಕೆ ಹೋದರು, ವಾಪಸ್ ಬರಲಿಲ್ಲ. ಒಬ್ಬ ಹೋಗಿದ್ದ ಆಟದಲ್ಲಿ ಮೂವರು ಹೋದರು. ನಾಲ್ಕೇ ದಿನಕ್ಕೆ ತೆಗೆದೆವು.

ಮೂರನೆಯದು ಎಲ್ಲರೂ ಮಾಡುವ ವೋಟ್. ವ್ಯಾಲರಂಟ್‌ನಲ್ಲಿ, ಲೀಗ್ ಆಫ್ ಲೆಜೆಂಡ್ಸ್‌ನಲ್ಲಿ ಶುರುವಿನಲ್ಲೇ ಒಬ್ಬ ಇಲ್ಲದಿದ್ದರೆ ರೀಮೇಕ್ ವೋಟ್ (ಆಟ ರದ್ದು ಮಾಡೋಣವಾ ಅಂತ ಕೇಳೋದು) ಇದೆಯಲ್ಲ, ಅದೇ. ಕಮ್ಮಿ ಇರುವ ತಂಡಕ್ಕೆ "ಆಟ ಮುಗಿಸೋಣವಾ?" ಅಂತ ಕೇಳಿದೆವು. ಮೂವರೂ ಹೌದು ಅನ್ನಬೇಕು. ಲಾಗ್ ನೋಡಿದರೆ ಹತ್ತರಲ್ಲಿ ಆರು ವೋಟ್ ಸೋಲುತ್ತಿದ್ದವು. ಬೇಡ ಅಂದವರು ತೀರಾ ಕಮ್ಮಿ. ಉಳಿದವರು ಬಟನ್ ಒತ್ತಲೇ ಇಲ್ಲ!

ಯಾಕೆ ಅಂತ ಗೊತ್ತಾಗಿದ್ದು ಸಾಗರದಲ್ಲಿ, ಅಕ್ಕನ ಮನೆಯಲ್ಲಿ. ಅಕ್ಕನ ಮಗ ಆಡುತ್ತಿದ್ದ. ಹೊರಗೆ ಜಡಿಮಳೆ, ಮನೆ ಇನ್ವರ್ಟರ್ ಮೇಲೆ, ಅವನು ಕಿಟಕಿಗೆ ಒರಗಿ ಸಿಗ್ನಲ್ ಹಿಡಿದುಕೊಂಡು ಕೂತಿದ್ದ. ತಂಡದಲ್ಲಿ ಒಬ್ಬ ಹೋದ. ವೋಟ್ ಬಂತು. ನಡು ಸ್ಕ್ರೀನ್‌ನಲ್ಲಿ ದೊಡ್ಡ ಬಟನ್. ಅವನ ಹೆಬ್ಬೆರಳು ಎಡ ಮೂಲೆಯಲ್ಲಿ ಓಡೋ ಕಡ್ಡಿ ಮೇಲೆ, ಇನ್ನೊಂದು ಬಲ ಮೂಲೆಯಲ್ಲಿ ಎಸೆಯೋ ಬಟನ್ ಮೇಲೆ. ನಡುವೆ ಒತ್ತಬೇಕಾದರೆ ಒಂದು ಕೈ ಬಿಡಬೇಕು, ಬಿಟ್ಟರೆ ಚೆಂಡು ಬಡಿಯುತ್ತೆ.

"ಒತ್ತೋ ಮಾರಾಯ" ಅಂದೆ.

"ಈಗ ಒತ್ತಿದ್ರೆ ಔಟ್ ಆಗ್ತೀನಿ ಮಾಮ. ಆಮೇಲೆ ಒತ್ತೀನಿ."

ಹದಿನೈದು ಸೆಕೆಂಡ್ ಮುಗಿಯಿತು, ವೋಟ್ ಸೋತಿತು. ಅವನು ಫೋನ್ ಮಂಚದ ಮೇಲೆ ಎಸೆದು, "ಏನ್ ಗೇಮ್ ಮಾಡಿದೀಯ ಮಾಮ" ಅಂದ. ಅಕ್ಕ ಅಡುಗೆಮನೆಯಿಂದ "ಊಟಕ್ಕೆ ಬರ್ತೀರೋ ಇಲ್ವೋ" ಅಂತ ಕೂಗಿದಳು.

ಅವತ್ತು ರಾತ್ರಿಯೇ ಮೊದಲ ಬದಲಾವಣೆ ಬರೆದೆ. ಸುಮ್ಮನಿದ್ದರೆ ಒಪ್ಪಿದ ಹಾಗೆ. ಬೇಡ ಅನ್ನುವವನು ಮಾತ್ರ ಒತ್ತಲಿ. ಇಷ್ಟರಿಂದಲೇ ಅರ್ಧ ಕೆಲಸ ಆಯಿತು.

ಇನ್ನರ್ಧ ಪಾಯಿಂಟ್ ಲೆಕ್ಕ. ಇದು ಹೊಳೆದಿದ್ದು ಕ್ರಿಕೆಟ್‌ನಿಂದ. ಟಿ20ಯಲ್ಲಿ ಮಳೆ ಬಂದಾಗ ಎರಡನೇ ತಂಡ ಐದು ಓವರ್ ಆಡಿದ್ದರೆ ಡಿಎಲ್‌ಎಸ್ ಲೆಕ್ಕದಲ್ಲಿ ಫಲಿತಾಂಶ, ಇಲ್ಲದಿದ್ದರೆ ಸಾಮಾನ್ಯವಾಗಿ ಪಂದ್ಯ ರದ್ದು ಅಲ್ವಾ? ಲಗೋರಿಯಲ್ಲೂ ಸರದಿ ಇದೆ. ಹಾಗಾಗಿ ಒಂದು ಗೆರೆ ಎಳೆದೆ. ಎರಡೂ ತಂಡ ತಲಾ ಎರಡು ಸರದಿ ಮುಗಿಸುವ ಮೊದಲೇ ಒಬ್ಬ ಹೋದರೆ ವೋಟ್ ಇಲ್ಲ, ಏನೂ ಇಲ್ಲ, ಆಟ ರದ್ದು. ಹೋದವನಿಗೆ ಪೂರ್ತಿ ಸೋಲು, ಉಳಿದ ಏಳು ಜನಕ್ಕೆ ಲಾಭ ನಷ್ಟ ಎರಡೂ ಇಲ್ಲ.

ಗೆರೆ ದಾಟಿದ ಮೇಲೆ "ಇಲ್ಲಿಗೆ ಮುಗಿಸೋಣ" ಅನ್ನೋದು ಎರಡೂ ತಂಡಕ್ಕೆ ಹೋಗುತ್ತದೆ. ಎದುರು ತಂಡವೂ ಒಪ್ಪಬೇಕು. ಗೆಳೆಯ ತಕರಾರು ತೆಗೆದದ್ದು ಇಲ್ಲೇ. ನಾನು ಮಾಡಿದ್ದಿಷ್ಟು. ಪೂರ್ತಿ ಗೆಲುವಿಗೆ 20 ಪಾಯಿಂಟ್. ಮೂವರ ಎದುರು ಕೊನೇವರೆಗೆ ಆಡಿ ಗೆದ್ದರೆ ಬರೀ 5. ಈಗಲೇ ಮುಗಿಸಿದರೆ ಸ್ಕೋರ್ ನೋಡಿಕೊಂಡು 10ರಿಂದ 16. ಕಮ್ಮಿ ಇದ್ದ ತಂಡ ಸೋತರೆ 20ರ ಬದಲು 8 ಮಾತ್ರ ಹೋಗುತ್ತದೆ. ಈಗ ಹೇಳಿ, ಐದು ಪಾಯಿಂಟ್‌ಗೆ ಇನ್ನೂ ಐದು ನಿಮಿಷ ಯಾರು ಕೂರುತ್ತಾರೆ?

ಮೊದಲ ವಾರವೇ ಗೆಲ್ಲುತ್ತಿದ್ದ ತಂಡಗಳು ನೂರಕ್ಕೆ ತೊಂಬತ್ತು ಸಲ ಒಪ್ಪಿದವು. ಗೆಳೆಯನಿಗೆ ಸ್ಕ್ರೀನ್‌ಶಾಟ್ ಕಳಿಸಿದೆ. ಬರೀ ಹೆಬ್ಬೆರಳು ಎಮೋಜಿ ಬಂತು. ಅವನ ಕಡೆಯಿಂದ ಅದು ಪದ್ಮಶ್ರೀ ಇದ್ದ ಹಾಗೆ.

ಒಂದು ತೂತು ಇದೆ, ಮುಚ್ಚಿಡಲ್ಲ. ಕಮ್ಮಿ ಇರುವ ತಂಡವೇ ಮುಂದಿದ್ದರೆ? ಎದುರಿನವರು ಯಾಕೆ ಒಪ್ಪುತ್ತಾರೆ, ಈಗ ತಾನೆ ಅವಕಾಶ ಸಿಕ್ಕಿದೆ. ಒಪ್ಪಿದರೆ ಅವರಿಗೂ ಅರ್ಧ ಸೋಲು, ಮುಂದುವರಿಸಿ ಸೋತರೆ ಪೂರ್ತಿ ಸೋಲು ಅಂತ ಇಟ್ಟೆ. ಹತ್ತರಲ್ಲಿ ಆರು ಸಲ ಒಪ್ಪುತ್ತಾರೆ. ಉಳಿದ ನಾಲ್ಕು ಸಲ ಮೂವರು ನಾಲ್ವರ ಎದುರು ಆಡುತ್ತಾರೆ. ಆಡಲಿ ಬಿಡಿ, ಅಲ್ಲೇ ಕೆಲವು ಸಲ ನಿಜವಾದ ಮಜಾ ಬರುತ್ತೆ.

ಇನ್ನು "ಹೋದ" ಅಂದರೆ ಏನು ಅನ್ನೋದು. ನನ್ನ ಎರಡು ತಿಂಗಳು ತಿಂದದ್ದು ಇದು. ಈನೆಟ್ ಉತ್ತರ ಕೊಡದ ಫೋನನ್ನು ತಾನಾಗಿ 5ರಿಂದ 30 ಸೆಕೆಂಡ್ ಒಳಗೆ ಕೈ ಬಿಡುತ್ತದೆ. ನಾವು ಅದನ್ನೇ ನಂಬಿದ್ದೆವು. ವೈಫೈ ಸತ್ತು ಫೋನ್ 4ಜಿಗೆ ಬಂದರೆ ಐಪಿ, ಅಂದರೆ ನೆಟ್‌ನಲ್ಲಿ ಅದರ ವಿಳಾಸ, ಬದಲಾಗುತ್ತದೆ, ಸರ್ವರ್‌ಗೆ ಅವನು ಹೊಸ ಮನುಷ್ಯ. ಹಳೆಯವನು ಹೋದ ಅಂತ ಆಟ ಮುಗಿಸಿದರೆ, ಅವನು ಎರಡು ಸೆಕೆಂಡಿನಲ್ಲಿ ವಾಪಸ್ ಬಂದು ಬಾಗಿಲು ಬಡಿಯುತ್ತಾ ನಿಂತಿರುತ್ತಾನೆ. ಐಪಿ ಬಿಟ್ಟು ಟೋಕನ್ (ಆಟಗಾರನ ಗುರುತಿನ ಚೀಟಿ ಇದ್ದ ಹಾಗೆ) ಮೇಲೆ ಗುರುತು ಹಿಡಿಯೋಕೆ ಶುರು ಮಾಡಿದ ಮೇಲೆ ಸುಳ್ಳು ಡಿಸ್ಕನೆಕ್ಟ್ ಮೂರರಲ್ಲಿ ಒಂದು ಪಾಲು ಕಮ್ಮಿಯಾಯಿತು.

ಕಾಲ್ ಎತ್ತಿದರೆ ಆಂಡ್ರಾಯ್ಡ್ ಗೇಮನ್ನು ಹಿಂದಕ್ಕೆ ತಳ್ಳುತ್ತದೆ. ಆ ಕ್ಷಣದಲ್ಲೇ ಒಂದು ಕೊನೆಯ ಪ್ಯಾಕೆಟ್ ಕಳಿಸುತ್ತೇವೆ, "ಬಂದೆ ಇರಿ" ಅಂದ ಹಾಗೆ. ಅಂಥವನಿಗೆ 40 ಸೆಕೆಂಡ್ ಕಾಯುತ್ತೇವೆ. ಏನೂ ಹೇಳದೆ ಮಾಯವಾದವನಿಗೆ 75. ಉಲ್ಟಾ ಅನ್ನಿಸಬಹುದು. ಆದರೆ ಕಾಲ್ ಎತ್ತಿದವನು ಅರ್ಧ ನಿಮಿಷದಲ್ಲಿ ಬರದಿದ್ದರೆ ಇನ್ನು ಬರಲ್ಲ, ಅತ್ತಿಗೆ ಜೊತೆ ಮಾತು ಶುರುವಾಗಿದೆ ಅಂತಲೇ ಲೆಕ್ಕ. ರೂಟರ್ ಮತ್ತೆ ಹೊತ್ತಿಕೊಳ್ಳೋಕೆ ಮಾತ್ರ ಒಂದು ನಿಮಿಷ ನಿಜವಾಗಿಯೂ ಬೇಕು.

2 ಜಿಬಿ ರ‍್ಯಾಮ್ ಫೋನ್‌ಗಳದ್ದು ಬೇರೆ ಕಥೆ. ಕಾಲ್ ಎತ್ತಿದ ಕೂಡಲೇ ಗೇಮ್ ಸತ್ತೇ ಹೋಗುತ್ತದೆ. ಮತ್ತೆ ತೆರೆದರೆ ಲೋಗೋ, ಲಾಗಿನ್, ಅಂಗಡಿ, ಮೇಲೊಂದು ಜಾಹೀರಾತು. 40 ಸೆಕೆಂಡ್ ಅಲ್ಲೇ ಖಾಲಿ. ಈಗ ಮುಗಿಯದ ಆಟ ಇದ್ದರೆ ನೇರ ಮೈದಾನಕ್ಕೆ ಇಳಿಸುತ್ತೇವೆ, 9-10 ಸೆಕೆಂಡ್. ಇದನ್ನು ಮೊದಲೇ ಮಾಡಬೇಕಿತ್ತು.

ಮೋಸದ ವಿಷಯಕ್ಕೆ ಬರೋಣ. ಸೋಲುತ್ತಿದ್ದರೆ ಗುಂಪಿನಲ್ಲಿ ಒಬ್ಬ ಡೇಟಾ ಆಫ್ ಮಾಡಿ ಬಲಿಯಾಗುತ್ತಾನೆ, ಉಳಿದ ಮೂವರು ಬಚಾವ್. ಸರದಿ ಪ್ರಕಾರ ಬಲಿಯಾಗುತ್ತಿದ್ದರು, ಇವತ್ತು ನೀನು ನಾಳೆ ನಾನು! ನಾನು ಜಾಣ ಅಂದುಕೊಂಡು ಒಂದೇ ಐಪಿಯಿಂದ ಬಂದವರನ್ನು ಗುಂಪು ಅಂತ ಎಣಿಸಿ ದಂಡ ಹಾಕಿದೆ. ಮೊಬೈಲ್ ನೆಟ್‌ವರ್ಕ್‌ನಲ್ಲಿ ಸಿಜಿನ್ಯಾಟ್ ಅನ್ನೋ ಏರ್ಪಾಟಿನಿಂದ ಎಷ್ಟೋ ಜನಕ್ಕೆ ಒಂದೇ ಐಪಿ ಅನ್ನೋದು ಗೊತ್ತಿದ್ದೂ ಮರೆತಿದ್ದೆ. ಹಾಸನದವನು ಹೋದರೆ ಮುಖವೇ ನೋಡದ ಕಾರವಾರದವನಿಗೆ ದಂಡ. ಎರಡು ದಿನದಲ್ಲಿ ಮುನ್ನೂರು ಬೈಗುಳದ ಮೇಲ್. ಎಲ್ಲರಿಗೂ ತಲಾ 500 ಕಾಯಿನ್ ಕೊಟ್ಟು ಕ್ಷಮೆ ಕೇಳಿದೆವು.

ಈಗ ಗುಂಪು ಕಟ್ಟಿಕೊಂಡು ಬಂದವರು ಒಟ್ಟಿಗೆ ಮುಳುಗುತ್ತಾರೆ, ಅಷ್ಟೇ. ನಿಮ್ಮ ಗೆಳೆಯ ಹೋದರೆ ಸೋಲು ನಿಮಗೂ ಸೇರಿ. ನಾಲ್ವರೂ ಒಂದೇ ಗುಂಪಾದರೆ ಅವರಿಗೆ ರದ್ದು ಅನ್ನೋದೇ ಇಲ್ಲ. ಇನ್ನು ಒಂಟಿಯಾಗಿ ಬಂದವನು ಬೇಕಂತ ಏರೋಪ್ಲೇನ್ ಮೋಡ್ ಹಾಕಿದನಾ, ನಿಜವಾಗಿ ಕರೆಂಟ್ ಹೋಯಿತಾ ಅಂತ ನಾವು ಬಹುಮಟ್ಟಿಗೆ ಕಂಡುಹಿಡಿಯುತ್ತೇವೆ. ಹೇಗೆ ಅಂತ ಬರೆಯಲ್ಲ. ಬರೆದರೆ ನಾಳೆಯೇ ಅದನ್ನು ದಾಟೋ ದಾರಿ ಹುಡುಕುತ್ತಾರೆ. ವಾಪಸ್ ಬಂದಾಗ ಫೋನ್ ಹೇಳೋ ಒಂದೆರಡು ಸಣ್ಣ ವಿಷಯದಲ್ಲಿದೆ ಅಂತಷ್ಟೇ ಹೇಳಬಲ್ಲೆ.

ಮಧ್ಯೆ ಒಂದು ಹುಚ್ಚಾಟ ಮಾಡಿದೆ. ವಾಪಸ್ ಬಂದವನಿಗೆ "ಯಾಕೆ ಹೋದೆ?" ಅಂತ ನಾಲ್ಕು ಬಟನ್ ಕೊಟ್ಟೆ. ಕರೆಂಟ್ ಹೋಯ್ತು, ನೆಟ್ ಮುಗೀತು, ಕಾಲ್ ಬಂತು, ಅಮ್ಮ ಕರೆದ್ರು. ಕರೆಂಟೇ ಗೆಲ್ಲುತ್ತೆ ಅಂದುಕೊಂಡಿದ್ದೆ. "ಅಮ್ಮ ಕರೆದ್ರು" ಎಲ್ಲಕ್ಕಿಂತ ಜಾಸ್ತಿ ಬಂತು, ನಲವತ್ತು ಪರ್ಸೆಂಟ್ ಹತ್ತಿರ. ಕಾರಣ ತಂಡದವರಿಗೆ ಕಂಡರೆ ಬೈಗುಳ ಕಮ್ಮಿಯಾಗುತ್ತೆ ಅಂತಲೂ ಗೊತ್ತಾಯಿತು. ಅಮ್ಮನ ಹೆಸರು ಬಂದರೆ ಯಾರೂ ಬೈಯಲ್ಲ. ಅದನ್ನು ಹಾಗೇ ಉಳಿಸಿಕೊಂಡಿದ್ದೇವೆ.

ಹೋದವನ ಆಟಗಾರನನ್ನೂ ಉಳಿದವರಲ್ಲೊಬ್ಬ ಆಡಿಸಲಿ ಅಂತಲೂ ನೋಡಿದೆವು. ಇಬ್ಬರೂ ಒಂದೇ ದಿಕ್ಕಿಗೆ ಓಡಿ ಒಂದೇ ಚೆಂಡಿಗೆ ಔಟ್ ಆಗುತ್ತಿದ್ದರು. ನಕ್ಕು ಬಿಟ್ಟೆವು.

ದುಡ್ಡಿನ ವಿಷಯ. ಅರ್ಧ ಸತ್ತ ಆಟಗಳೂ ಸರ್ವರ್‌ನಲ್ಲಿ ಜಾಗ ಹಿಡಿದು ಕೂತಿರುತ್ತಿದ್ದವು. ಮಳೆಗಾಲದಲ್ಲಿ ತಿಂಗಳ ಬಾಡಿಗೆ 2,400ರಿಂದ 4,100ಕ್ಕೆ ಹೋಗಿತ್ತು. ಈಗ 2,700 ಸುಮಾರು, ಆಟಗಾರರು ಅವತ್ತಿಗಿಂತ ಜಾಸ್ತಿ ಇದ್ದರೂ. ಜಾಹೀರಾತಿನಲ್ಲಿ ಮಾತ್ರ ಮೊದಲು ಏಟು ಬಿತ್ತು. ನಮಗೆ ಆಟ ಮುಗಿದಾಗ ಜಾಹೀರಾತು. ಆಟ ಬೇಗ ಮುಗಿದರೆ ಜಾಸ್ತಿ ಆಟ, ಜಾಸ್ತಿ ಜಾಹೀರಾತು ಅಂತ ಗ್ರಾಫಿಕ್ಸ್ ಗೆಳೆಯ ಖುಷಿಯಾಗಿದ್ದ. ಆದರೆ ರದ್ದಾದ ಆಟದ ಮೇಲೆ ಮೂವತ್ತು ಸೆಕೆಂಡ್ ಜಾಹೀರಾತು ಬಂದರೆ ಜನ ಗೇಮನ್ನೇ ತೆಗೆದುಹಾಕುತ್ತಾರೆ. ಬೇಗ ಮುಗಿದ ಆಟಕ್ಕೆ ಜಾಹೀರಾತು ಬೇಡ ಅಂತ ನಾನು ಹಟ ಹಿಡಿದೆ. ಎರಡು ವಾರ ದಿನದ ಆದಾಯ 900ರಿಂದ 650ಕ್ಕೆ ಬಿತ್ತು. ಮನೆಯಲ್ಲಿ ಮಾತಾಡೋದು ಬಿಟ್ಟರು ಅನ್ನೋ ಪರಿಸ್ಥಿತಿ. ಮೂರನೇ ವಾರ 1,000 ದಾಟಿತು, ಆಮೇಲೆ ಕೆಳಗೆ ಬಂದಿಲ್ಲ. ಮಧ್ಯದಲ್ಲಿ ಕೈಬಿಟ್ಟು ಹೋಗುವ ಎರಡನೆಯವನು, ಮೂರನೆಯವನು ಈಗ ಬಹುತೇಕ ಇಲ್ಲ. ನೂರು ಆಟಕ್ಕೆ ಹದಿನೆಂಟು ಇದ್ದದ್ದು ಐದಾರು.

ಕಳೆದ ವಾರ ಶಿರಸಿ ಕಡೆ ಜೋರು ಗಾಳಿ. ಒಂದು ಆಟದಲ್ಲಿ ಎಂಟು ಜನರಲ್ಲಿ ಐವರು ಹತ್ತು ಸೆಕೆಂಡಿನ ಒಳಗೆ ಹೋದರು, ಎರಡೂ ತಂಡದಿಂದ. ಗೆರೆ ದಾಟಿತ್ತು, ಸ್ಕೋರ್ ಸಮ. ಉಳಿದ ಮೂವರಿಗೆ "ಇಲ್ಲಿಗೆ ಮುಗಿಸೋಣ" ಬಂತು. ಮೂವರೂ ಬೇಡ ಒತ್ತಿದ್ದಾರೆ. ನನ್ನ ಕೋಡ್ ಹೋದ ಐವರಿಗೂ ಪೂರ್ತಿ ಸೋಲು ಹಾಕಿಬಿಟ್ಟಿತ್ತು. ಬೆಳಿಗ್ಗೆ ಕೂತು ಐದನ್ನೂ ಕೈಯಲ್ಲೇ ಅಳಿಸಿದೆ. ಇಬ್ಬರಿಗಿಂತ ಜಾಸ್ತಿ ಒಟ್ಟಿಗೆ ಹೋದರೆ ಯಾರಿಗೂ ದಂಡವಿಲ್ಲ ಅಂತ ಇವತ್ತು ಬರೆಯುತ್ತಿದ್ದೇನೆ. ಸರ್ವರ್ ಗೆಳೆಯ ಆಗಲೇ ಕೇಳಿಯಾಯಿತು, ಮೂವರು ಮಾತಾಡಿಕೊಂಡು ಒಟ್ಟಿಗೆ ಹೋದರೆ ಏನು ಮಾಡ್ತೀಯ ಅಂತ.