ಎದುರುಬದುರು ಕೂರಿಸುವ ಮುಂಚೆ

ಅಪರಾಧ ಮಾಡಿದವರನ್ನೂ ಅದರಿಂದ ನೊಂದವರನ್ನೂ ಒಂದೇ ಕೋಣೆಯಲ್ಲಿ ಕೂರಿಸಿ ಮಾತಾಡಿಸುವುದು ನನ್ನ ಕೆಲಸ. ರೆಸ್ಟೋರೇಟಿವ್ ಜಸ್ಟಿಸ್ ಅಂತಾರೆ. ಇದಕ್ಕೊಂದು ಹಳೆಯ ಉದಾಹರಣೆ ಇದೆ: 1974ರಲ್ಲಿ ಕೆನಡಾದ ಎಲ್ಮೈರಾ ಊರಲ್ಲಿ ಕುಡಿದು ದಾಂಧಲೆ ಮಾಡಿದ್ದ ಇಬ್ಬರು ಹುಡುಗರು, ತಾವೇ ಹಾಳು ಮಾಡಿದ್ದ ಮನೆಗಳ ಬಾಗಿಲು ತಟ್ಟಿ ನಷ್ಟ ಎಷ್ಟಾಯಿತು ಅಂತ ಕೇಳಿ, ಆಮೇಲೆ ತುಂಬಿಕೊಟ್ಟರು. ನ್ಯೂಜಿಲೆಂಡ್ 1989ರಲ್ಲಿ ಮಕ್ಕಳ ಪ್ರಕರಣಗಳಿಗೆ, ತಪ್ಪು ಮಾಡಿದ ಮಗು, ಮನೆಯವರು, ನೊಂದವರು ಒಟ್ಟಿಗೆ ಕೂತು ಮಾತಾಡುವ ಕುಟುಂಬ ಸಭೆಯನ್ನು ಕಾನೂನಿನಲ್ಲೇ ಸೇರಿಸಿತು.

ನನ್ನ ಕೆಲಸದಲ್ಲಿ ಜಾಸ್ತಿ ಸಮಯ ಹಿಡಿಯುವುದು ಸಭೆಯಲ್ಲ, ಅದಕ್ಕೆ ಮುಂಚಿನ ತಯಾರಿ. ಇಬ್ಬರನ್ನೂ ಬೇರೆಬೇರೆಯಾಗಿ ನೋಡುತ್ತೇನೆ. ತಪ್ಪು ಒಪ್ಪಿಕೊಳ್ಳದವನನ್ನು ಕೂರಿಸುವುದಿಲ್ಲ. ನೊಂದವರಿಗೆ 'ಕ್ಷಮಿಸಿಬಿಡಿ' ಅಂತ ಯಾವತ್ತೂ ಹೇಳುವುದಿಲ್ಲ. ಬೇಡ ಅಂದರೆ ಅಲ್ಲಿಗೆ ಮುಗಿಯಿತು.

ಒಂದು ಮನೆಗಳ್ಳತನದ ಪ್ರಕರಣ. ಕಳ್ಳ ಸಿಕ್ಕಿದ್ದ, ಶಿಕ್ಷೆಯೂ ಆಗಿತ್ತು. ಆದರೂ ಆ ಮನೆಯ ಹಿರಿಯ ಹೆಂಗಸಿಗೆ ರಾತ್ರಿ ನಿದ್ದೆ ಇರಲಿಲ್ಲ. ಇಬ್ಬರನ್ನೂ ಎದುರುಬದುರು ಕೂರಿಸಿದಾಗ ಒಡವೆ ಬಗ್ಗೆ ಅವರು ಕೇಳಲೇ ಇಲ್ಲ. "ಪೆಟ್ಟಿಗೆ ಒಳಗೆ ನಮ್ಮ ಯಜಮಾನರ ಕಾಗದ ಇದ್ದವು. ಅದನ್ನೇನಪ್ಪಾ ಮಾಡಿದೆ?" ಅವನು ತಲೆ ಎತ್ತಲಿಲ್ಲ. "ಮೋರಿಗೆ ಎಸೆದೆ ಅಮ್ಮಾ. ಓದಲಿಲ್ಲ." ಅವರು ಬಹಳ ಹೊತ್ತು ಅತ್ತರು. ಆಮೇಲೆ ಕೇಳಿದ್ದು, "ಮತ್ತೆ ಬರ್ತೀಯಾ?"

ಈ ಎರಡು ಪ್ರಶ್ನೆ ಕೋರ್ಟಿನಲ್ಲಿ ಯಾರೂ ಕೇಳಿರಲಿಲ್ಲ. ಅಲ್ಲಿ ಅವರು ಬರೀ ಸಾಕ್ಷಿ. ಅವನಿಗೋ, ಬಾಯಿ ಬಿಡಬೇಡ ಅಂತ ವಕೀಲರ ಸಲಹೆ. ಜೈಲಿನೊಳಗೆ ಅವನು ದಿನ ಎಣಿಸಿದ, ಉತ್ತರ ಕೊಡಬೇಕಾದ ಪ್ರಸಂಗವೇ ಬರಲಿಲ್ಲ.

ಶಿಕ್ಷೆ ಅವನೊಬ್ಬನಿಗೇ ಆಗಿದ್ದೂ ಅಲ್ಲ. ಅಪ್ಪ ದೂರದ ಊರಲ್ಲಿ ಕೆಲಸಕ್ಕಿದ್ದಾರೆ ಅಂತ ಅವನ ಮಗಳಿಗೆ ಹೇಳಿದ್ದರು. ಸ್ಕೂಲಲ್ಲಿ ಯಾರೋ ನಿಜ ಹೇಳಿಬಿಟ್ಟರು, ಮಗು ಸ್ಕೂಲಿಗೆ ಹೋಗುವುದನ್ನೇ ನಿಲ್ಲಿಸಿತು. ಜಗತ್ತಿನ ಜೈಲುಗಳಲ್ಲಿ ಒಂದು ಕೋಟಿಗೂ ಹೆಚ್ಚು ಜನ ಇದ್ದಾರೆ. ಅವರಲ್ಲಿ ಸುಮಾರು ಮೂರನೇ ಒಂದು ಪಾಲು ಜನರ ಅಪರಾಧ ಇನ್ನೂ ಸಾಬೀತೇ ಆಗಿಲ್ಲ. ಅಷ್ಟೂ ಜನರ ಹಿಂದೆ ಇಂಥ ಮನೆಗಳಿವೆ, ಅಲ್ವಾ?

ಯಾರನ್ನೂ ಒಳಗೆ ಹಾಕಲೇಬಾರದು ಅಂತ ನಾನು ಹೇಳುತ್ತಿಲ್ಲ. ಹೊರಗೆ ಬಿಟ್ಟರೆ ಇನ್ನೊಬ್ಬರ ಜೀವಕ್ಕೆ ಅಪಾಯ ಅನ್ನುವಂಥವರು ಇದ್ದಾರೆ. ಗಂಡ ಹೆಂಡತಿಯನ್ನು ಹೊಡೆದ ಪ್ರಕರಣವನ್ನು ನಾನು ಸುಲಭಕ್ಕೆ ಒಪ್ಪಿಕೊಳ್ಳುವುದಿಲ್ಲ. ಅಲ್ಲಿ ಹೆದರಿಕೆಯಿಂದ 'ಹೂಂ' ಅನ್ನುವ ಅಪಾಯ ಜಾಸ್ತಿ. ಆದರೆ ಕಳ್ಳತನ, ಗಲಾಟೆ, ಹದಿಹರೆಯದವರ ತಪ್ಪುಗಳಲ್ಲಿ ಮೊದಲು ಈ ದಾರಿ ನೋಡಬೇಕು.

ಅವತ್ತು ಬರೆದ ಒಪ್ಪಂದ ಚಿಕ್ಕದು. ಬಿಡುಗಡೆಯಾದ ಮೇಲೆ ತಿಂಗಳಿಗಿಷ್ಟು ದುಡ್ಡು, ಆ ಬೀದಿಗೆ ಕಾಲಿಡುವಂತಿಲ್ಲ. ಎರಡನೆಯದನ್ನು ಸೇರಿಸಿದ್ದು ಅವನೇ. ಕಂತು ಮುಗಿಯುವ ತನಕ ಇಬ್ಬರಿಗೂ ನಾನು ಫೋನ್ ಮಾಡುತ್ತಿದ್ದೆ.